ಮಂಗಳವಾರ ಎನ್ನಲಾಗದೆ ಸೋಮವಾರ ಎಂದವನ ಪತ್ರ

ಮಾನ್ಯ ಸಂಪಾದಕರೇ,

ಕಳೆದ ಭಾನುವಾರದ ಪುರವಣಿಯಲ್ಲಿ ‘ನೀವು ನೀವಾಗಿರಿ’ ಅನ್ನೋ ಲೇಖನ ಓದಿದೆ. ಚೆನ್ನಾಗಿತ್ತು. ಆದರೆ ಓದಿ ಮುಗಿಸುವಷ್ಟರಲ್ಲಿ ಸ್ವಲ್ಪ ಸಿಟ್ಟೂ ಬಂತು. ಯಾರು ಏನಂದುಕೊಂಡಾರು ಎಂಬ ಅಂಜಿಕೆ ಬಿಟ್ಟರೆ ಸಾಕಂತೆ, ಒಳಗಿರುವ ನಿಜವಾದ ಮನುಷ್ಯ ತಾನಾಗಿ ಹೊರಗೆ ಬರುತ್ತಾನಂತೆ. ತಾನಾಗಿ! ನನ್ನೊಳಗೆ ಇದ್ದವನು ಹೊರಗೆ ಬರಲು 51 ವರ್ಷ ತೆಗೆದುಕೊಂಡ. ಬಂದಾಗಲೂ ಸಲೀಸಾಗಿ ಬರಲಿಲ್ಲ, ಬಾಗಿಲಲ್ಲೇ ಸಿಕ್ಕಿಕೊಂಡು ನಿಂತಿದ್ದ.

ವಿಷಯ ಇಷ್ಟೇ. ನನಗೆ ಉಗ್ಗು ಇದೆ.

ಈಗ ನನಗೆ 58. ಈ ಮೂರು ಪದದ ಮಾತನ್ನು ಇನ್ನೊಬ್ಬರ ಎದುರು ಮೊದಲ ಸಲ ಹೇಳಿದ್ದು ಏಳು ವರ್ಷದ ಹಿಂದೆ.

ನಮ್ಮ ಭಾಷೆಯಲ್ಲಿ ಒಂದು ತಮಾಷೆ ಇದೆ. ಎರಡು ವರ್ಷದ ಮಗು ತಡವರಿಸಿದರೆ ಅದು ‘ತೊದಲ್ನುಡಿ’. ಎತ್ತಿಕೊಂಡು ಮುದ್ದು ಮಾಡುತ್ತೇವೆ. ಅದೇ ಮಗುವಿಗೆ ಹತ್ತು ವರ್ಷ ಆಗಲಿ, ಅದು ‘ಉಗ್ಗು’. ಮಾತಾಡಿದವನು ‘ಉಗ್ಗ’. ಶಾಲೆಯಲ್ಲಿ ನನ್ನನ್ನು ಹಾಗೇ ಕರೆಯುತ್ತಿದ್ದರು. ಆದರೆ ಎರಡೇ ವರ್ಷ. ಆಮೇಲೆ ಆ ಹೆಸರು ನಿಂತುಹೋಯಿತು, ಯಾಕೆಂದರೆ ನಾನು ಯಾರ ಮುಂದೆಯೂ ಉಗ್ಗಲಿಲ್ಲ. ವಾಸಿಯಾಗಿತ್ತು ಅಂತಲ್ಲ. ಅಡಗಿಸುವುದನ್ನು ಕಲಿತಿದ್ದೆ.

ಹೇಗೆ ಅಡಗಿಸುವುದು ಅಂತ ಹೇಳುತ್ತೇನೆ, ಯಾಕೆಂದರೆ ಇದು ಗೊತ್ತಿಲ್ಲದವರಿಗೆ ಉಳಿದದ್ದೂ ಅರ್ಥವಾಗುವುದಿಲ್ಲ. ನನಗೆ ಕಷ್ಟ ಕೊಡುವುದು ಪ ಮತ್ತು ಮ. ಕೆಲವು ದಿನ ಕ. ಅ, ಆ, ಇ ಎಲ್ಲ ಸುಲಭ. ಸ, ಹ ಕೂಡ ಪರವಾಗಿಲ್ಲ. ಮಾತಾಡುತ್ತಿರುವಾಗಲೇ ಮುಂದೆ ಬರುವ ಐದಾರು ಪದಗಳನ್ನು ನೋಡಿಕೊಳ್ಳುತ್ತಾ ಹೋಗಬೇಕು. ‘ಮನೆ’ ಎದುರಾಯಿತು, ಪಕ್ಕಕ್ಕೆ ಸರಿದು ‘ನಮ್ಮಲ್ಲಿ’ ಅನ್ನಬೇಕು. ‘ಪುಸ್ತಕ’ ಬಂತು, ‘ಅದೇ, ಆವತ್ತು ಓದ್ತಾ ಇದ್ನಲ್ಲ’ ಅನ್ನಬೇಕು. ಇಷ್ಟೆಲ್ಲ ಆಗುವುದು ಕಣ್ಣು ಮಿಟುಕಿಸುವಷ್ಟರಲ್ಲಿ. ಎದುರಿನವರಿಗೆ ಗೊತ್ತೇ ಆಗುವುದಿಲ್ಲ. ಇವನು ಸ್ವಲ್ಪ ಸುತ್ತುಬಳಸಿ ಮಾತಾಡ್ತಾನೆ ಅಂದುಕೊಳ್ಳುತ್ತಾರೆ, ಅಷ್ಟೇ.

ಒಮ್ಮೆ ಹಲ್ಲಿನ ಡಾಕ್ಟರ ಹತ್ತಿರ ಟೈಮ್ ತೆಗೆದುಕೊಳ್ಳಲು ಫೋನ್ ಮಾಡಿದ್ದೆ. ನನಗೆ ರಜೆ ಇದ್ದದ್ದು ಮಂಗಳವಾರ. ‘ಯಾವತ್ತು ಬರ್ತೀರಿ?’ ಅಂತ ಆ ಕಡೆಯಿಂದ ಕೇಳಿದರು. ಮ ಅನ್ನಲು ತುಟಿ ಎರಡೂ ಕೂಡಿದವು. ಕೂಡಿದವು ಬಿಡಲಿಲ್ಲ. ಒಳಗೆ ಉಸಿರು ತುಂಬಿ ನಿಂತಿದೆ, ಗಂಟಲು ಬಿಗಿದಿದೆ, ಎಡಗಾಲಿನ ಹೆಬ್ಬೆರಳು ಚಪ್ಪಲಿಯನ್ನು ಒತ್ತುತ್ತಿದೆ. ಅದು ನನ್ನ ಅಭ್ಯಾಸ, ಅದರಿಂದ ಪದ ಹೊರಗೆ ಬರುತ್ತದೆ ಅಂತ ಚಿಕ್ಕವನಿದ್ದಾಗ ಹೇಗೋ ನಂಬಿಬಿಟ್ಟಿದ್ದೆ. ಪದ ಗೊತ್ತಿದೆ. ನಾಲಿಗೆಯ ತುದಿಯಲ್ಲಲ್ಲ, ತುಟಿಯ ಒಳಗೇ ಇದೆ. ‘ಹಲೋ? ಹಲೋ?’ ಅಂದರು. ‘ಸೋಮವಾರ’ ಅಂದುಬಿಟ್ಟೆ.

ಸೋಮವಾರ ನನಗೆ ರಜೆ ಇರಲಿಲ್ಲ. ಆಫೀಸಿಗೆ ಒಂದು ಸುಳ್ಳು ಹೇಳಿ ರಜೆ ಹಾಕಿದೆ. ಆ ಸುಳ್ಳನ್ನು ಮಾತ್ರ ಒಂದು ಕಡೆಯೂ ತಡೆಯದೆ ಹೇಳಿದೆ. ಸುಳ್ಳಿಗೆ ಬೇಕಾದ ಪದ ಆರಿಸಿಕೊಳ್ಳಬಹುದು ನೋಡಿ. ನಿಜಕ್ಕೆ ಹಾಗಲ್ಲ. ಮಂಗಳವಾರಕ್ಕೆ ಮಂಗಳವಾರ ಅಂತಲೇ ಅನ್ನಬೇಕು.

ನನ್ನ ಬದುಕಿನ ಎಷ್ಟೋ ಸುಳ್ಳುಗಳು ಹೀಗೇ ಹುಟ್ಟಿದವು. ಯಾರಿಗೂ ಮೋಸ ಮಾಡಬೇಕು ಅಂತಲ್ಲ, ನಾಲಿಗೆಗೆ ಆಗುವ ಅಕ್ಷರ ಹುಡುಕಿಕೊಂಡು. ಶಾಲೆಯಲ್ಲಿ ಉತ್ತರ ಗೊತ್ತಿದ್ದೂ ‘ಗೊತ್ತಿಲ್ಲ ಸಾರ್’ ಅಂದಿದ್ದೇನೆ. ದಡ್ಡ ಅನ್ನಿಸಿಕೊಳ್ಳುವುದು ಉಗ್ಗ ಅನ್ನಿಸಿಕೊಳ್ಳುವುದಕ್ಕಿಂತ ಎಷ್ಟೋ ವಾಸಿ ಅನ್ನಿಸುತ್ತಿತ್ತು. ಇಡೀ ಕ್ಲಾಸು ಒಟ್ಟಿಗೆ ಮಗ್ಗಿ ಹೇಳುವಾಗ ನನ್ನದೇ ಜೋರು ದನಿ. ಒಟ್ಟಿಗೆ ಹೇಳುವಾಗ, ಹಾಡುವಾಗ, ಒಬ್ಬನೇ ಇದ್ದಾಗ ಸಾಮಾನ್ಯವಾಗಿ ಉಗ್ಗು ಬರುವುದಿಲ್ಲ. ಅದೇ ಮಗ್ಗಿಯನ್ನು ಎದ್ದು ನಿಂತು ಒಬ್ಬನೇ ಹೇಳು ಅಂದರೆ ಮುಗಿಯಿತು. ಕಳ್ಳಾಟ ಆಡ್ತಾನೆ ಅಂತ ಏಟು ಬೀಳುತ್ತಿತ್ತು. ದೊಡ್ಡವನಾದ ಮೇಲೆ ಬಸ್ಸಿನಲ್ಲಿ ನಾನು ಇಳಿಯಬೇಕಾದ ಸ್ಟಾಪಿನ ಹೆಸರು ಬಾಯಿಗೆ ಬರದೆ, ಅದರ ಮುಂದಿನ ಸ್ಟಾಪಿಗೆ ಟಿಕೆಟ್ ತೆಗೆದುಕೊಂಡು ವಾಪಸ್ ನಡೆದುಕೊಂಡು ಬಂದದ್ದು ಲೆಕ್ಕವಿಲ್ಲ. ನಡಿಗೆ ಆರೋಗ್ಯಕ್ಕೆ ಒಳ್ಳೆಯದು ಅಂತ ಮನೆಯಲ್ಲಿ ಹೇಳುತ್ತಿದ್ದೆ.

ಎಲ್ಲ ಪದಕ್ಕೂ ಬದಲಿ ಸಿಗುತ್ತದೆ. ಸಿಗದೇ ಇರುವುದು ಒಂದಕ್ಕೆ ಮಾತ್ರ, ಸ್ವಂತ ಹೆಸರಿಗೆ. ನನ್ನ ಹೆಸರು ಪ ಅಕ್ಷರದಿಂದ ಶುರುವಾಗುತ್ತದೆ. ಹೆಸರಿಡುವಾಗ ನನ್ನನ್ನು ಯಾರು ಕೇಳಿದ್ದರು! ಫೋನಿನಲ್ಲಿ ‘ನಿಮ್ಮ ಹೆಸರು?’ ಅಂದರೆ ನಾನು ‘ಅನಂತ’ ಅನ್ನುತ್ತಿದ್ದೆ. ಒಂದು ಸಲ ಗಡಿಯಾರ ರಿಪೇರಿಗೆ ಕೊಟ್ಟವನು ಹಾಗೇ ಹೇಳಿ ಬಂದಿದ್ದೆ. ಅವರು ಮನೆಗೆ ಫೋನ್ ಮಾಡಿ ‘ಅನಂತ ಅವರಿದ್ದಾರಾ?’ ಅಂದರು. ನನ್ನಾಕೆ ‘ರಾಂಗ್ ನಂಬರ್’ ಅಂತ ಇಟ್ಟಳು. ಮತ್ತೆ ಮಾಡಿದರು, ಮತ್ತೆ ಇಟ್ಟಳು. ಮೂರನೇ ಸಲ ಬೈದಳು. ನಾನು ಪಕ್ಕದಲ್ಲೇ ಕೂತು ಪೇಪರ್ ಓದುತ್ತಿದ್ದೆ. ನಿಮ್ಮದೇ ಪೇಪರ್.

ಇಲ್ಲಿಯವರೆಗೆ ನಗಬಹುದು. ನಾನೂ ಈಗ ನಗುತ್ತೇನೆ. ಇನ್ನೆರಡು ಸಂಗತಿ ಇವೆ, ಅವಕ್ಕೆ ನಗು ಬರುವುದಿಲ್ಲ.

ಮಗಳು ಹುಟ್ಟಿದಾಗ ನಾವಿಬ್ಬರೂ ಒಂದು ಹೆಸರು ಇಷ್ಟಪಟ್ಟಿದ್ದೆವು. ಆರು ತಿಂಗಳಿಂದ ಮನಸ್ಸಿನಲ್ಲಿದ್ದ ಹೆಸರು. ಅದೂ ಮ ಅಕ್ಷರದ್ದು. ದಿನಕ್ಕೆ ಇಪ್ಪತ್ತು ಸಲ ಕರೆಯಬೇಕಾದ ಹೆಸರು ಅದು. ನಾನು ತಕರಾರು ತೆಗೆದೆ. ಹಳೇ ಕಾಲದ ಹೆಸರು ಅಂದೆ, ಎಲ್ಲರೂ ಇದನ್ನೇ ಇಡ್ತಾರೆ ಅಂದೆ. ಎರಡೂ ಒಟ್ಟಿಗೆ ನಿಜ ಆಗಲು ಸಾಧ್ಯವೇ ಇಲ್ಲ ಅಂತ ಅವಳಿಗೂ ಗೊತ್ತಿತ್ತು, ಆದರೆ ಬಾಣಂತಿ, ವಾದ ಮಾಡಲಿಲ್ಲ. ಇ ಅಕ್ಷರದ ಒಂದು ಹೆಸರು ಇಟ್ಟೆವು. ಒಳ್ಳೆಯ ಹೆಸರೇ. ಆದರೆ ಅದನ್ನು ಆರಿಸಿದ್ದು ನಾನಲ್ಲ, ನನ್ನ ಹೆದರಿಕೆ.

ಇನ್ನೊಂದು ಆಫೀಸಿನದು. ನಾನು ಲೆಕ್ಕಪತ್ರದ ಗುಮಾಸ್ತನಾಗಿದ್ದೆ. ಮೇಲಿನ ಹುದ್ದೆಗೆ ಎರಡು ಸಲ ಬೇಡ ಅಂದೆ, ಮೀಟಿಂಗು ಜಾಸ್ತಿ ಅಂತ. ಒಂದು ವರ್ಷ ಲೆಡ್ಜರಿನಲ್ಲಿ ಒಂದು ತಪ್ಪು ಸಿಕ್ಕಿತು. ಮೇಲಿನಿಂದ ಬಂದಿದ್ದ ಅಧಿಕಾರಿ ಎಲ್ಲರನ್ನೂ ಕೂರಿಸಿ, ‘ಈ ಎಂಟ್ರಿ ಹೀಗೆ ಹಾಕಿ ಅಂತ ಹೇಳಿದ್ದು ಯಾರು?’ ಅಂತ ಕೇಳಿದರು. ಹೇಳಿದ್ದು ನಮ್ಮ ಮ್ಯಾನೇಜರ್. ಹಾಕಿದವನು ಕೆಲಸಕ್ಕೆ ಸೇರಿ ವರ್ಷವೂ ಆಗದ ಹುಡುಗ. ನಾನು ಅಲ್ಲೇ ಇದ್ದೆ, ಕಿವಿಯಾರೆ ಕೇಳಿದ್ದೆ. ಆ ಹುಡುಗ ನನ್ನ ಕಡೆ ನೋಡಿದ. ಅಧಿಕಾರಿಯೂ ನೋಡಿದರು, ‘ನಿಮಗೇನಾದರೂ ಗೊತ್ತಾ?’ ಅಂದರು.

‘ಗೊತ್ತಿಲ್ಲ ಸಾರ್’ ಅಂದೆ.

ಹುಡುಗನ ಇನ್‌ಕ್ರಿಮೆಂಟ್ ತಡೆದರು. ಎಷ್ಟೋ ವರ್ಷ ನಾನು ನನಗೇ ಹೇಳಿಕೊಂಡೆ, ಬಾಯಿ ಬರಲಿಲ್ಲ, ಏನು ಮಾಡಲಿ ಅಂತ. ಮ್ಯಾನೇಜರ್ ಅನ್ನುವ ಪದವೇ ಮ ಅಲ್ವಾ. ಆದರೆ ಆ ಹೊತ್ತಿನಲ್ಲಿ ನನ್ನ ತುಟಿ ಕೂಡಿರಲಿಲ್ಲ, ಗಂಟಲು ಬಿಗಿದಿರಲಿಲ್ಲ. ನಾನು ಆ ಪದದ ಹತ್ತಿರಕ್ಕೂ ಹೋಗಿರಲಿಲ್ಲ. ಬೆರಳು ತೋರಿಸಬಹುದಿತ್ತು. ಚೀಟಿ ಬರೆದು ಕೊಡಬಹುದಿತ್ತು. ಉಗ್ಗಿನಿಂದ ಸುಮ್ಮನಿದ್ದೆನೋ, ಸುಮ್ಮನಿರಲು ಉಗ್ಗು ಒಂದು ನೆಪವಾಯಿತೋ, ಇವತ್ತಿಗೂ ನಿರ್ಧಾರವಾಗಿಲ್ಲ. ಬಹಳ ದಿನ ಒಂದನ್ನು ಅಡಗಿಸಿಟ್ಟರೆ ಹೀಗಾಗುತ್ತದೆ. ಅದರ ಹಿಂದೆ ಬೇರೆ ಏನೇನೋ ಬಂದು ಅಡಗಿಕೊಳ್ಳುತ್ತವೆ.

ಇದೆಲ್ಲದರಿಂದ ನನಗೆ ಸಿಕ್ಕ ಬಿರುದು ಏನು ಗೊತ್ತೇ? ಮಿತಭಾಷಿ. ಅಳೆದು ತೂಗಿ ಮಾತಾಡುವವರು. ತೂಕದ ಮನುಷ್ಯ. ಸ್ವಾಮಿ, ನಾನು ಹುಟ್ಟಾ ವಾಚಾಳಿ! ಒಬ್ಬನೇ ಇದ್ದಾಗ ಕನ್ನಡಿ ಮುಂದೆ ಗಂಟೆಗಟ್ಟಲೆ ಮಾತಾಡಿದವನು. ತಮಾಷೆ, ಚಾಡಿ, ವಾದ, ಎಲ್ಲ ಇತ್ತು ಒಳಗೆ. ಆದರೆ ಬಿರುದು ಹಿತವಾಗಿತ್ತು. ಮುಖವಾಡ ಬಿಗಿಯಾಗಿದ್ದರೆ ಕಿತ್ತೆಸೆಯಬೇಕು ಅನ್ನಿಸುತ್ತದೆ. ನನ್ನದು ನನಗಿಂತ ಚೆನ್ನಾಗಿತ್ತು, ಅದೇ ತೊಂದರೆ. ನಿಮ್ಮ ಲೇಖನದಲ್ಲಿ ಇದು ಬಂದಿಲ್ಲ.

51ನೇ ವಯಸ್ಸಿನಲ್ಲಿ ಗಂಟಲು ನೋವು ಅಂತ ಡಾಕ್ಟರ ಹತ್ತಿರ ಹೋದೆ. ಹತ್ತು ನಿಮಿಷ ನನ್ನ ಮಾತು ಕೇಳಿ, ಸ್ಪೀಚ್ ಥೆರಪಿಸ್ಟ್ ಹತ್ತಿರ ಒಮ್ಮೆ ತೋರಿಸಿ ಅಂದರು. ಅಲ್ಲಿದ್ದದ್ದು ನನ್ನ ಮಗಳ ವಯಸ್ಸಿನ ಹುಡುಗಿ. ‘ನಿಮ್ಮ ಹೆಸರು ಹೇಳಿ ಸಾರ್’ ಅಂದಳು. ನಾನು ಎಂದಿನ ಉಪಾಯ ಮಾಡಿದೆ. ಫೈಲನ್ನು ಅವಳ ಕಡೆ ಸರಿಸಿದೆ, ಮೇಲೆ ಹೆಸರು ಬರೆದಿತ್ತಲ್ಲ. ಅವಳು ಅದನ್ನು ಬೋರಲು ಹಾಕಿದಳು.

‘ಅದರಲ್ಲಿರೋದು ಗೊತ್ತು. ನೀವು ಹೇಳಿ.’

ಪ ಅನ್ನಲು ಹೋದೆ. ತುಟಿ ಕೂಡಿತು. ಹೆಬ್ಬೆರಳು ಚಪ್ಪಲಿ ಒತ್ತಿತು. ಅವಳು ಕಾದಳು. ಪದ ತುಂಬಿಕೊಡಲಿಲ್ಲ, ‘ನಿಧಾನವಾಗಿ ಹೇಳಿ’ ಅನ್ನಲಿಲ್ಲ, ಮೊಬೈಲ್ ನೋಡಲಿಲ್ಲ, ಅಯ್ಯೋ ಪಾಪ ಅನ್ನುವ ಮುಖ ಮಾಡಲಿಲ್ಲ. ಸುಮ್ನೆ ನನ್ನ ಮುಖ ನೋಡುತ್ತಾ ಕೂತಿದ್ದಳು. ಗೋಡೆಯ ಗಡಿಯಾರದ ಮುಳ್ಳು ಓಡುವುದು ನನಗೆ ಕೇಳುತ್ತಿತ್ತು. ಕೊನೆಗೆ ಬಂತು, ಪ ಪ ಪ ಅಂತ ನಾಲ್ಕೈದು ತುಂಡಾಗಿ. ನಲವತ್ತು ವರ್ಷದಲ್ಲಿ ಇನ್ನೊಬ್ಬ ಮನುಷ್ಯನ ಎದುರು ಬಿಟ್ಟುಕೊಟ್ಟ ಮೊದಲ ಉಗ್ಗು ಅದು. ‘ನನಗೆ ಉಗ್ಗು ಇದೆ’ ಅಂದೆ. ‘ಹೌದು, ಇದೆ’ ಅಂದಳು. ಅಷ್ಟೇ.

ಅವಳು ಹೇಳಿದ ಮೇಲೆ ನಾನೂ ಒಂದಷ್ಟು ಓದಿಕೊಂಡೆ. ದೊಡ್ಡವರಲ್ಲಿ ಸುಮಾರು ನೂರಕ್ಕೆ ಒಬ್ಬರಿಗೆ ಉಗ್ಗು ಇರುತ್ತದಂತೆ. ಅಂದರೆ ಈ ಪುಟ ಓದುತ್ತಿರುವವರಲ್ಲಿ ನನ್ನಂಥವರು ಕಡಿಮೆಯೇನಿಲ್ಲ. ಚಿಕ್ಕ ಮಕ್ಕಳಲ್ಲಿ ಇದು ಇನ್ನೂ ಜಾಸ್ತಿ, ಹೆಚ್ಚಿನವರಿಗೆ ತಾನಾಗಿ ಹೋಗಿಬಿಡುತ್ತದೆ. ಹೋಗದೆ ಉಳಿದವರಲ್ಲಿ ಒಬ್ಬ ಹೆಂಗಸಿಗೆ ಸುಮಾರು ನಾಲ್ಕು ಗಂಡಸರು. ಪುಕ್ಕಲುತನದಿಂದ ಬರುವುದಲ್ಲ, ದಡ್ಡತನದಿಂದಲೂ ಅಲ್ಲ. ಅಪ್ಪ ಅಮ್ಮ ಗದರಿಸಿದ್ದರಿಂದ ಬಂತು ಅನ್ನುವುದೂ ಹಳೆಯ ಮಾತು. 2010ರಲ್ಲಿ ಅಮೆರಿಕದ ಸಂಶೋಧಕರು ಕೆಲವರ ಉಗ್ಗಿಗೆ ಸಂಬಂಧಪಟ್ಟ ಜೀನ್‌ಗಳನ್ನೇ ಗುರುತಿಸಿದರು. ಇದನ್ನು ಓದಿದ ರಾತ್ರಿ ನಮ್ಮಪ್ಪನ ಮೇಲಿದ್ದ ಒಂದು ಹಳೇ ಸಿಟ್ಟು ಇಳಿಯಿತು. ಪಾಪ, ಅವರು ಡೆಮಾಸ್ತನೀಸ್ ಎಂಬ ಗ್ರೀಕ್ ಭಾಷಣಕಾರ ಬಾಯಲ್ಲಿ ಹರಳುಕಲ್ಲು ಇಟ್ಟುಕೊಂಡು ಅಭ್ಯಾಸ ಮಾಡಿದ ಕತೆ ಎಲ್ಲೋ ಕೇಳಿ, ನನ್ನ ಬಾಯಿಗೆ ಗೋಲಿ ಹಾಕಿಸಿದ್ದರು. ಒಂದನ್ನು ನುಂಗಿದ ಮೇಲೆ ಅಮ್ಮ ನಿಲ್ಲಿಸಿದರು.

ಜೋಸೆಫ್ ಶೀಹನ್ ಅಂತ ಅಮೆರಿಕದ ಮನಶ್ಶಾಸ್ತ್ರಜ್ಞರೊಬ್ಬರಿದ್ದರು, ಸ್ವತಃ ಉಗ್ಗುತ್ತಿದ್ದವರು. ಉಗ್ಗು ನೀರಲ್ಲಿ ತೇಲುವ ಮಂಜುಗಡ್ಡೆಯ ಹಾಗೆ ಅಂದರು ಅವರು. ಕಿವಿಗೆ ಕೇಳುವುದು ಮೇಲಿನ ತುದಿ ಮಾತ್ರ, ಹೆದರಿಕೆ, ನಾಚಿಕೆ ಎಲ್ಲ ನೀರಿನ ಕೆಳಗೆ. ನನ್ನದರಲ್ಲಿ ಮೇಲೆ ಏನೂ ಇರಲಿಲ್ಲ. ಇಡೀ ಗಡ್ಡೆ ಕೆಳಗೇ ಇತ್ತು.

ನನಗೆ ಜಾಸ್ತಿ ಹತ್ತಿರದವರು ಅನ್ನಿಸಿದ್ದು ಚಾರ್ಲ್ಸ್ ವ್ಯಾನ್ ರೈಪರ್ (1905–1994). ಉಗ್ಗಿನ ಚಿಕಿತ್ಸೆಯಲ್ಲಿ ಬಹಳ ದೊಡ್ಡ ಹೆಸರು. ಆದರೆ ಯುವಕನಾಗಿದ್ದಾಗ ಮಾತಾಡುವುದು ತಪ್ಪಲಿ ಅಂತ ಕಿವುಡ ಮೂಗನ ಹಾಗೆ ನಟಿಸಿ ಹೊಲದ ಆಳಾಗಿ ದುಡಿದವರು. ಕೊನೆಗೆ ಅವರ ಕಣ್ಣು ತೆರೆಸಿದ್ದು ಯಾವ ಡಾಕ್ಟರೂ ಅಲ್ಲ, ದಾರಿಯಲ್ಲಿ ಸಿಕ್ಕ ಒಬ್ಬ ಮುದುಕ. ಅವನಿಗೂ ಉಗ್ಗಿತ್ತು. ವಯಸ್ಸಾಯಿತು, ನನ್ನ ಜತೆ ನಾನೇ ಗುದ್ದಾಡೋಕೆ ಇನ್ನು ಆಗಲ್ಲ ಅಂತ ಅವನು ಮಾತನ್ನು ಅದರ ಪಾಡಿಗೆ ಬಿಟ್ಟಿದ್ದನಂತೆ. ಉಗ್ಗದೇ ಇರುವುದು ಹೇಗೆ ಅನ್ನುವುದನ್ನು ಬಿಟ್ಟು, ಗುದ್ದಾಡದೆ ಉಗ್ಗುವುದು ಹೇಗೆ ಅಂತ ವ್ಯಾನ್ ರೈಪರ್ ಹುಡುಕಲು ಶುರು ಮಾಡಿದರು. ಬೇಕೆಂದೇ ಉಗ್ಗುವುದು ಅವರು ಕಲಿಸಿದ ಪಾಠಗಳಲ್ಲಿ ಒಂದು.

ನನಗೂ ಆ ಹುಡುಗಿ ಅದನ್ನೇ ಹೋಮ್‌ವರ್ಕ್ ಕೊಟ್ಟಳು. ದಾರಿಯಲ್ಲಿ ಹೋಗುವ ಐದು ಜನರನ್ನು ನಿಲ್ಲಿಸಿ ಟೈಮ್ ಕೇಳಬೇಕು. ಬೇಕೆಂದೇ ಉಗ್ಗಬೇಕು. ಇಡೀ ಜೀವಮಾನ ಯಾವುದನ್ನು ಮುಚ್ಚಿಟ್ಟೆನೋ ಅದನ್ನು ಬೀದಿಯಲ್ಲಿ ನಿಂತು ಹಂಚಬೇಕು! ಎರಡು ಸುತ್ತು ಸುಮ್ನೆ ನಡೆದೆ. ಮೂರನೇ ಸುತ್ತಿಗೆ ವಾಚು ಕಟ್ಟಿದ್ದ ಒಬ್ಬರನ್ನು ನಿಲ್ಲಿಸಿ ‘ಗಂ ಗಂ ಗಂ ಗಂಟೆ ಎಷ್ಟು?’ ಅಂದೆ. ಅವರು ಕೈ ತಿರುಗಿಸಿ ನೋಡಿ, ‘ಐದೂ ಇಪ್ಪತ್ತು’ ಅಂದು ಹೋದರು. ತಿರುಗಿಯೂ ನೋಡಲಿಲ್ಲ. ನಾನು ಅಲ್ಲೇ ನಿಂತಿದ್ದೆ. ಇಷ್ಟಕ್ಕೆ ನಲವತ್ತು ವರ್ಷ ಹೆದರಿದೆನಾ ಅಂತ ನಗು ಬರಬೇಕಿತ್ತು. ನಿಜ ಹೇಳಬೇಕೆಂದರೆ ಅಳು ಬಂತು. ಎರಡನೆಯವರು ಮುಖ ತಿರುಗಿಸಿಕೊಂಡು ನಕ್ಕರು ಅನ್ನುವುದನ್ನೂ ಹೇಳಿಬಿಡುತ್ತೇನೆ. ಎಲ್ಲರೂ ಒಳ್ಳೆಯವರು, ನೀವು ಸುಮ್ನೆ ಹೆದರಬೇಡಿ ಅಂತ ಬರೆದರೆ ಅದೂ ಸುಳ್ಳಾಗುತ್ತದೆ.

ಮನೆಯಲ್ಲಿ ಹೇಳಿದ್ದು ಇದೆಲ್ಲದಕ್ಕಿಂತ ಕಷ್ಟ. ನನ್ನಾಕೆ ‘ಗೊತ್ತಿತ್ತು ಬಿಡಿ’ ಅನ್ನುತ್ತಾಳೆ ಅಂದುಕೊಂಡಿದ್ದೆ. ಅವಳಿಗೆ ಗೊತ್ತಿರಲಿಲ್ಲ. ಬಹಳ ಹೊತ್ತು ಸುಮ್ಮನಿದ್ದು, ‘ನಾನು ಏನಾದ್ರೂ ಹೇಳಿದಾಗ ನೀವು ಉತ್ತರಾನೇ ಕೊಡ್ತಿರಲಿಲ್ಲ. ನನ್ನ ಮಾತು ನಿಮಗೆ ಹಿಡಿಸಲ್ಲ ಅಂತ ಇಷ್ಟು ವರ್ಷ ಅಂದ್ಕೊಂಡಿದ್ದೆ ರೀ’ ಅಂದಳು. ನಾನು ಅಡಗಿಸಿದ್ದು ನನ್ನ ಉಗ್ಗನ್ನು. ಅವಳಿಗೆ ತಲುಪಿದ್ದು ತಾತ್ಸಾರ. ಆ ರಾತ್ರಿ ಇಬ್ಬರೂ ಎರಡು ಗಂಟೆಯವರೆಗೆ ಮಾತಾಡಿದೆವು. ಅಂದರೆ ನಾನು ಮಾತಾಡಿದೆ. ಈಗ ಅವಳ ದೂರು ಬೇರೆ, ‘ಸ್ವಲ್ಪ ಬಾಯಿ ಮುಚ್ಕೊಂಡಿರಿ’ ಅಂತ.

ಮಗಳಿಗೆ ಹೆಸರಿನ ವಿಷಯ ಹೇಳಿದಾಗ, ‘ಆ ಇನ್ನೊಂದು ಹೆಸರು ಒಂದ್ಸಲ ಹೇಳಿ ನೋಡೋಣ ಅಪ್ಪ’ ಅಂದಳು. ಹೇಳಿದೆ. ಸಾಕಷ್ಟು ಹೊತ್ತು ಹಿಡಿಯಿತು. ಪೂರ್ತಿ ಕೇಳಿಸಿಕೊಂಡು, ‘ನಂಗೆ ಇದೇ ಇರಲಿ, ಅದು ನಿಜವಾಗ್ಲೂ ಹಳೇ ಕಾಲದ್ದು’ ಅಂದಳು.

ಆಫೀಸಿನ ಆ ಹುಡುಗನನ್ನೂ ಹುಡುಕಿಕೊಂಡು ಹೋದೆ. ಈಗ ಹುಡುಗನಲ್ಲ, ತಲೆ ನರೆತಿದೆ. ನಡೆದದ್ದನ್ನೆಲ್ಲ ಹೇಳಿದೆ. ‘ಆವತ್ತು ನೀವು ಹೇಳಬೇಕಿತ್ತು’ ಅಂದ. ಹೌದು ಅಂದೆ. ಪರವಾಗಿಲ್ಲ ಅಂತ ಅವನು ಅನ್ನಲಿಲ್ಲ, ಅನ್ನಲಿ ಅಂತ ಕಾಯುವ ಹಕ್ಕು ನನಗೂ ಇರಲಿಲ್ಲ.

ಹೀಗೆ ಹೇಳುವಾಗ ಒಂದು ಭಯವೂ ಇದೆ. ‘ನಾನಿರೋದೇ ಹೀಗೆ’ ಅಂತ ಎದೆ ತಟ್ಟಿಕೊಂಡು, ಬಾಯಿಗೆ ಬಂದದ್ದನ್ನೆಲ್ಲ ಅಂದು, ನೇರ ನಡೆ ನುಡಿ ಅಂತ ಹೇಳಿಕೊಳ್ಳುವವರ ಸಾಲಿಗೆ ನನ್ನನ್ನು ಸೇರಿಸಬೇಡಿ. ಬಾಯಿಗೆ ಬಂದದ್ದು ಅನ್ನುವವರಿಗೆ ಬಾಯಿಗೆ ಬಾರದ್ದು ಎಂದರೇನು ಅಂತ ಗೊತ್ತಿರುವುದಿಲ್ಲ. ನನಗೆ ಬೇಕಾದದ್ದು ಬಹಳ ಸಣ್ಣದು. ಮಂಗಳವಾರ ಬರುವವನು ಮಂಗಳವಾರ ಅನ್ನಬೇಕು, ಎಷ್ಟೇ ಹೊತ್ತಾಗಲಿ. ಕೆಲವು ದಿನ ಈಗಲೂ ಆಗುವುದಿಲ್ಲ. ಮೊನ್ನೆ ಕೂಡ ಒಂದು ಪದ ಬದಲಿಸಿದೆ. ಗೊತ್ತಾದ ಕೂಡಲೇ ‘ತಡೀರಿ, ನಾನು ಹೇಳಬೇಕಿದ್ದ ಪದ ಅದಲ್ಲ’ ಅಂತ ವಾಪಸ್ ಹೋಗಿ ಹೇಳಿದೆ. ಕೇಳುತ್ತಿದ್ದವರಿಗೆ ವ್ಯತ್ಯಾಸವೇ ತಿಳಿಯಲಿಲ್ಲ.

ಈಚೆಗೆ ಫೋನ್ ಮಾಡಿದರೆ ಎಷ್ಟೋ ಕಡೆ ಯಂತ್ರ ಉತ್ತರಿಸುತ್ತದೆ. ‘ನಿಮ್ಮ ಹೆಸರು ಹೇಳಿ’ ಅನ್ನುತ್ತದೆ. ನಾನು ತುಟಿ ಕೂಡಿಸುವಷ್ಟರಲ್ಲಿ ‘ಕ್ಷಮಿಸಿ, ಅರ್ಥವಾಗಲಿಲ್ಲ’ ಅಂದು ಮುಗಿಸುತ್ತದೆ. ಅದನ್ನು ಮಾಡುವವರು ಇನ್ನೂ ಹತ್ತು ಸೆಕೆಂಡು ಕಾಯುವ ಹಾಗೆ ಮಾಡಿದರೆ ಯಾರ ಗಂಟು ಹೋಗುತ್ತದೆ? ಇಂಟರ್‌ವ್ಯೂ ತೆಗೆದುಕೊಳ್ಳುವವರಿಗೂ ಮೇಷ್ಟ್ರುಗಳಿಗೂ ಇದೇ ಮಾತು. ಪದ ತುಂಬಿಕೊಡಬೇಡಿ. ನಾನು ‘ಮದ್ದು’ ಅನ್ನಲು ಹೊರಟಾಗ ‘ಮದುವೆನಾ?’ ಅಂತ ಕೇಳಿದವರಿಗೆ ಹೂಂ ಅಂದು, ಇಲ್ಲದ ಮದುವೆಯ ವಿವರ ಕೊಟ್ಟು ಬಂದವನು ನಾನು.

ಪತ್ರ ಉದ್ದವಾಯಿತು. ಹೇಳಿದೆನಲ್ಲ, ನಾನು ವಾಚಾಳಿ. ಬೇಕಾದಷ್ಟು ಕತ್ತರಿಸಿಕೊಳ್ಳಿ, ಆ ಹುಡುಗನ ವಿಷಯ ಮಾತ್ರ ಬಿಡಬೇಡಿ.

ನನ್ನ ಹೆಸರು, ವಿಳಾಸ, ಫೋನ್ ನಂಬರ್ ಬೇರೆ ಹಾಳೆಯಲ್ಲಿ ಬರೆದಿಟ್ಟಿದ್ದೇನೆ. ಪತ್ರ ಹಾಕುವ ಮೊದಲು ಬರೆದವರು ನಿಜವಾಗಿ ಇದ್ದಾರಾ ಅಂತ ನಿಮ್ಮ ಕಚೇರಿಯಿಂದ ಫೋನ್ ಮಾಡಿ ಕೇಳುತ್ತಾರೆ ಅಂತ ಕೇಳಿದ್ದೇನೆ. ದಯವಿಟ್ಟು ಮಾಡಿ. ಎತ್ತಿದ ಮೇಲೆ ಸ್ವಲ್ಪ ಹೊತ್ತು ಏನೂ ಕೇಳಿಸುವುದಿಲ್ಲ. ಲೈನು ಕಟ್ಟಾಗಿಲ್ಲ. ನಾನು ಹೆಸರು ಹೇಳುತ್ತಿರುತ್ತೇನೆ.

ಇತಿ,
ನಿಮ್ಮ ಹಳೆಯ ಓದುಗ